ಡಯಾನಾ ತೀರಿಕೊಂಡಾಗ ಅರಮನೆ ಬಾವುಟ ಯಾಕೆ ಅರ್ಧಕ್ಕಿಳಿಯಲಿಲ್ಲ?
2022ರಲ್ಲಿ ರಾಣಿ ಎಲಿಜಬೆತ್ ಹೋದಾಗ ನಮ್ಮ ವಿಧಾನಸೌಧದ ಬಾವುಟವೇ ಅರ್ಧಕ್ಕಿಳಿದಿತ್ತು. ಹಾಗಾಗಿ ಈ ಪ್ರಶ್ನೆ ಸಹಜ.

1997ರಲ್ಲಿ ಬಕಿಂಗ್‌ಹ್ಯಾಮ್ ಅರಮನೆ ಮೇಲೆ ಇಳಿಸೋಕೆ ಬಾವುಟವೇ ಇರಲಿಲ್ಲ! ಅಲ್ಲಿ ಹಾರುತ್ತಿದ್ದದ್ದು ರಾಜಧ್ವಜ (ದೊರೆಯ ಸ್ವಂತ ಬಾವುಟ) ಮಾತ್ರ, ಅದೂ ರಾಣಿ ಒಳಗಿದ್ದಾಗ. ಅದನ್ನು ಯಾರು ಸತ್ತರೂ ಅರ್ಧಕ್ಕಿಳಿಸುವುದಿಲ್ಲ. ಒಬ್ಬ ದೊರೆ ಹೋದ ಕೂಡಲೇ ಇನ್ನೊಬ್ಬರು ಪಟ್ಟಕ್ಕೆ ಬಂದಿರ್ತಾರಲ್ಲ.

ರಾಣಿ ಆಗ ಸ್ಕಾಟ್ಲೆಂಡಿನ ಬಾಲ್ಮೋರಲ್‌ನಲ್ಲಿ, ತಾಯಿ ಕಳೆದುಕೊಂಡ ಮೊಮ್ಮಕ್ಕಳ ಜೊತೆಗಿದ್ದರು. ಹ್ಯಾರಿಗಿನ್ನೂ 12 ವರ್ಷ. ಅಜ್ಜಿಯಾಗಿ ಅವರು ಮಾಡಿದ್ದು ಸರಿ ಅಂತಲೇ ನನಗನ್ನಿಸುತ್ತೆ. ಆದರೆ ಲಂಡನ್ ಜನಕ್ಕೆ ಕಂಡಿದ್ದು ಬೋಳು ಕಂಬ. ಸಿಟ್ಟು ಜಾಸ್ತಿಯಾಯಿತು.

ಸೆಪ್ಟೆಂಬರ್ 5ಕ್ಕೆ ರಾಣಿ ಬಂದು, ಗೇಟಿನ ಮುಂದೆ ರಾಶಿ ಬಿದ್ದಿದ್ದ ಹೂವು ನೋಡಿ, ಸಂಜೆ ಟಿವಿಯಲ್ಲಿ ನೇರವಾಗಿ ಮಾತಾಡಿದರು. ಮರುದಿನ ಅಂತ್ಯಕ್ರಿಯೆಗೆ ಅವರು ಹೊರಟ ಮೇಲೆ ಬ್ರಿಟನ್ನಿನ ರಾಷ್ಟ್ರಧ್ವಜವಾದ ಯೂನಿಯನ್ ಧ್ವಜ ಅರಮನೆ ಮೇಲೆ ಅರ್ಧಕ್ಕೆ ಹಾರಿತು. ಈಗ ದೊರೆ ಅರಮನೆಯಲ್ಲಿ ಇಲ್ಲದಾಗ ಅದೇ ಅಲ್ಲಿರುತ್ತದೆ.