ಗಂಟೆಗೆ 25 ಪೀಸಿನ ಪ್ರಶ್ನೆ

ಪ್ರಿಯ ಓದುಗರೇ,

ದೊಡ್ಡಬಳ್ಳಾಪುರದ ಗಾರ್ಮೆಂಟ್ಸ್‌ನಲ್ಲಿರುವ ನಿಮ್ಮ ತಂಗಿ ಎಂಟು ತಿಂಗಳಿಂದ ಷರ್ಟಿನ ಜೇಬು ಮಾತ್ರ ಹೊಲಿಯುತ್ತಿದ್ದಾಳೆ, ಪಕ್ಕದ ಮಿಷನ್ನಿನವಳ ಊರು ಯಾವುದೆಂದೂ ಅವಳಿಗೆ ಗೊತ್ತಿಲ್ಲ, ಮನೆಗೆ ಬಂದರೂ ಮಾತಿಲ್ಲ ಎಂದು ಬರೆದಿದ್ದೀರಿ. ನಾಲ್ಕು ಜನರೊಡನೆ ಬೆರೆಯುವಂತೆ ಅವಳಿಗೆ ಬುದ್ಧಿ ಹೇಳಿ ಎಂದಿದ್ದೀರಿ. ಅದಕ್ಕೂ ಮೊದಲು ಅವಳ ಟಾರ್ಗೆಟ್ಟಿನ ಲೆಕ್ಕ ನೋಡೋಣ.

ಸ್ಟಾಪ್‌ವಾಚ್ ಹಿಡಿದು ನೋಡಿದಾಗ ಒಂದು ಜೇಬಿಗೆ 24 ಸೆಕೆಂಡ್ ಹಿಡಿಯಿತು ಎನ್ನಿ. ಅದನ್ನೇ ಟಾರ್ಗೆಟ್ ಮಾಡುವಂತಿಲ್ಲ. ನೀರು, ಶೌಚ, ದಣಿವು, ದಾರ ಕಡಿಯುವುದು, ಬಾಬಿನ್ ಬದಲಿಸುವುದು, ಇವಕ್ಕೆಲ್ಲ ಅಲೋಯನ್ಸ್, ಅಂದರೆ ಹೆಚ್ಚುವರಿ ಸಮಯ, ಸೇರಬೇಕು. ಶೇ 20 ಸೇರಿಸಿದರೆ 28.8 ಸೆಕೆಂಡ್, ಅಂದರೆ 0.48 ನಿಮಿಷ. ಲೈನಿನಲ್ಲಿ 'ಸ್ಯಾಮ್' (ಸ್ಟ್ಯಾಂಡರ್ಡ್ ಅಲೋಡ್ ಮಿನಿಟ್, ಒಂದು ಕೆಲಸಕ್ಕೆ ಕೊಡುವ ನಿಗದಿತ ನಿಮಿಷ) ಎನ್ನುವುದು ಇದನ್ನೇ. ಈ ಲೆಕ್ಕದಲ್ಲಿ ಗಂಟೆಗೆ 125 ಪೀಸು. ಅಲೋಯನ್ಸ್ ನುಂಗಿದರೆ 150. ಪಕ್ಕದವಳ ಊರು ಕೇಳುವ ಹೊತ್ತು ಇದ್ದದ್ದು ಆ 25 ಪೀಸುಗಳಲ್ಲಿ. ಅಳತೆಗೆ ಲೈನಿನ ಅತಿ ಚುರುಕಿನ ಟೈಲರನ್ನು ಕೂರಿಸಿದ್ದರಂತೂ ಉಳಿದವರ ಗತಿ ಹೇಳುವುದೇ ಬೇಡ. ಹೊಸ ಸ್ಟೈಲ್ ಬಂದ ಮೊದಲ ದಿನವೇ ಪೂರ್ತಿ ಟಾರ್ಗೆಟ್ ಕೇಳಿದರೆ ಆತುರದ ಹೊಲಿಗೆ, ಆಲ್ಟರೇಷನ್. ಬಿಚ್ಚಿ ಹೊಲಿಯುವಷ್ಟರಲ್ಲಿ ಮುಂದಿನ ಬಂಡಲ್ ಬಂದು ಬಿದ್ದಿರುತ್ತದೆ.

ಒಬ್ಬರ ಹಿಂದೊಬ್ಬರು ಕೂತ ಲೈನಿನಲ್ಲಿ ಕಾಣುವುದು ಮುಂದಿನವಳ ಬೆನ್ನು. ಎರಡು ಮಿಷನ್ ನಡುವೆ ಹತ್ತಿಪ್ಪತ್ತು ಪೀಸು ಇದ್ದರೆ ಒಬ್ಬಳು ಎದ್ದು ಹೋದರೂ ಮುಂದಿನವಳ ಕೈ ಖಾಲಿಯಾಗದು. ಇಲ್ಲದಿದ್ದರೆ ನೀರಿಗೆ ಎದ್ದವಳ ಮೇಲೆ ಜೊತೆಯವರೇ ಸಿಡುಕುತ್ತಾರೆ. ಅಲ್ಲಿ ಗೆಳೆತನ ಬೆಳೆಯುವುದು ಹೇಗೆ?

ಜೇಬು, ಕಫ್, ಹೆಮ್ ಮೂರನ್ನೂ ಕಲಿಸಿ ಅರ್ಧ ದಿನಕ್ಕೊಮ್ಮೆ ಬದಲಿಸಿದರೆ ಭುಜಕ್ಕೂ ಮನಸ್ಸಿಗೂ ಬಿಡುವು. ಗೈರಾದವರ ಜಾಗ ತುಂಬಲಷ್ಟೇ ಓಡಾಡಿಸಿದರೆ ಅದೂ ಹೊರೆಯೇ.

ತಂಗಿ ಒಂದು ವಾರ ಗಂಟೆಗಂಟೆಯ ಟಾರ್ಗೆಟ್, ಹೊಲಿದ ಪೀಸು, ಮಿಷನ್ ನಿಂತ ನಿಮಿಷ, ನಿಂತ ಕಾರಣ ಬರೆದಿಡಲಿ. ಆಮೇಲೆ ಸ್ಯಾಮ್ ಎಷ್ಟು, ಅದರಲ್ಲಿ ಅಲೋಯನ್ಸ್ ಎಷ್ಟು ಎಂದು ಕೇಳಲಿ. ಒಬ್ಬಳೇ ಕೇಳುವುದು ಬೇಡ; ಜೇಬು ಹೊಲಿಯುವ ಮೂರ್ನಾಲ್ಕು ಜನ ಸೇರಿ, ಕಾರ್ಮಿಕರೂ ಆಡಳಿತದವರೂ ಕೂತು ಮಾತಾಡುವ ವರ್ಕ್ಸ್ ಕಮಿಟಿ ಇದ್ದರೆ ಅದರ ಮೂಲಕ ಕೇಳಲಿ. 2016ರ ಏಪ್ರಿಲ್‌ನಲ್ಲಿ ಪಿಎಫ್ ಹಣ ತೆಗೆಯಲು ಹೊಸ ನಿರ್ಬಂಧ ಬಂದಾಗ ಬೆಂಗಳೂರಿನ ಸಾವಿರಾರು ಗಾರ್ಮೆಂಟ್ಸ್ ಹೆಂಗಸರು ರಸ್ತೆಗಿಳಿದರು, ಕೇಂದ್ರ ಸರ್ಕಾರ ನಿಯಮ ಹಿಂತೆಗೆದುಕೊಂಡಿತು. ಅವರೂ ಹೀಗೆ ಒಬ್ಬರ ಬೆನ್ನು ಒಬ್ಬರು ನೋಡುತ್ತ ಕೂತವರೇ.

ಇನ್ನು ಮನೆಯ ಮಾತು. ಬಂದ ಕೂಡಲೇ ಅವಳನ್ನು ಮಾತಿಗೆ ಎಳೆಯಬೇಡಿ. ರಾತ್ರಿಯ ಪಾತ್ರೆ ನೀವು ತೊಳೆಯಿರಿ.

— ಸಂಪಾದಕರು