ನಾಯಕನಾಗದೆ, ಪೋಷಕ ಪಾತ್ರಗಳಲ್ಲೇ ನಟನೊಬ್ಬ ಬದುಕು ಕಟ್ಟಿಕೊಳ್ಳಬಹುದೇ?

ಕಟ್ಟಿಕೊಳ್ಳಬಹುದು, ಆದರೆ ಹಾದಿ ನೇರವಲ್ಲ. ನಮ್ಮಲ್ಲಿ ಮೊದಲು ನೆನಪಾಗುವುದು ದತ್ತಣ್ಣ, ಅಂದರೆ ಎಚ್.ಜಿ. ದತ್ತಾತ್ರೇಯ. ಚಿತ್ರದುರ್ಗದವರು, ಓದಿದ್ದು ಎಂಜಿನಿಯರಿಂಗ್. ಭಾರತೀಯ ವಾಯುಪಡೆಯಲ್ಲಿ ಎರಡು ದಶಕಕ್ಕೂ ಹೆಚ್ಚು ಕಾಲ ದುಡಿದು ವಿಂಗ್ ಕಮಾಂಡರ್ ಆದವರು. ಹವ್ಯಾಸಿ ರಂಗಭೂಮಿಯಲ್ಲಿ ಪಳಗಿದ್ದ ಅವರು ಸಿನಿಮಾಕ್ಕೆ ಬಂದಾಗ ನಲವತ್ತು ದಾಟಿತ್ತು. 'ಮುನ್ನುಡಿ'ಗಾಗಿ 2000ನೇ ಸಾಲಿನ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ಪಡೆದರು. 2016ರ 'ನೀರ್ ದೋಸೆ'ಯಲ್ಲಿ ನಗಿಸಿದರು, 2019ರಲ್ಲಿ ಹಿಂದಿಯ 'ಮಿಷನ್ ಮಂಗಲ್'ನಲ್ಲೂ ಕಾಣಿಸಿಕೊಂಡರು. ತಲೆ ನರೆತಷ್ಟೂ ಬೇಡಿಕೆ ಹೆಚ್ಚುವ ಕಸುಬು ಇದೊಂದೇ ಇರಬೇಕು!

ಎಲ್ಲರಿಗೂ ಹೀಗೆ ಕೈಹಿಡಿಯುವುದಿಲ್ಲ. ಸಿನಿಮಾದಲ್ಲಿ ಇಂಥವರಿಗೆ ಸಿಗುವುದು ಹೆಚ್ಚಾಗಿ ಕೆಲವೇ ದಿನಗಳ ಕಾಲ್‌ಶೀಟ್. ಮನೆ ಬಾಡಿಗೆ ಕಟ್ಟಿಸುವುದು ಧಾರಾವಾಹಿ, ಅಲ್ಲಿ ಸಾಮಾನ್ಯವಾಗಿ ದಿನದ ಲೆಕ್ಕದಲ್ಲಿ ಸಂಭಾವನೆ. ಆದರೆ ಅಪ್ಪನ ಪಾತ್ರಕ್ಕೆ ಗಡ್ಡ ಬಿಟ್ಟವರು ಅದನ್ನು ತಮ್ಮಿಷ್ಟಕ್ಕೆ ಬೋಳಿಸುವಂತಿಲ್ಲ. ನಿನ್ನೆ ಬಾಗಿಲ ಹೊರಗೆ ಗಡ್ಡವಿದ್ದ ಅಪ್ಪ ಇಂದು ಒಳಗೆ ಬರುವಾಗ ನುಣ್ಣಗಿದ್ದರೆ ವೀಕ್ಷಕರು ಬಿಡುತ್ತಾರೆಯೇ? ಹಾಗಾಗಿ ಪೊಲೀಸ್ ಅಧಿಕಾರಿಯ ಪಾತ್ರವೊಂದು ಹುಡುಕಿಕೊಂಡು ಬಂದರೂ ಕೈಬಿಡಬೇಕಾಗುತ್ತದೆ. ಅತ್ತ ಕಥೆಗಾರರು ಆ ಅಪ್ಪನ ಫೋಟೋಗೆ ಹಾರ ಹಾಕಿಸಿದರೆ ಮರುವಾರದಿಂದ ಆದಾಯವೂ ನಿಂತಂತೆ.