ನಿಜವಾಗದ ಹಣದುಬ್ಬರದ ಭವಿಷ್ಯ: ತಾಳ್ಮೆಯೋ, ಪ್ರಚಾರವೋ?

ಹಣವಂತ ಹೂಡಿಕೆದಾರರು ‘ಇಂದಲ್ಲ ನಾಳೆ ಹಣದುಬ್ಬರ ಭುಗಿಲೇಳುತ್ತದೆ’ ಎಂದು ವರ್ಷಗಟ್ಟಲೆ ಹೇಳುತ್ತಲೇ ಬಂದರೆ, ಅದನ್ನು, ಎಲ್ಲವನ್ನೂ ಕಳೆದುಕೊಂಡರೂ ತಾಳಿಕೊಂಡ ಬೈಬಲಿನ ಯೋಬನ ತಾಳ್ಮೆಯೆಂದು ಮೆಚ್ಚಬೇಕೇ, ರಾಜಕೀಯ ಪ್ರಚಾರವೆಂದು ತಳ್ಳಿಹಾಕಬೇಕೇ ಎಂದು ಕೇಳಿದ್ದೀರಿ. ನನ್ನ ಮಟ್ಟಿಗೆ ಅದು ಬಹುಪಾಲು ಪ್ರಚಾರವೇ.

2010ರ ನವೆಂಬರಿನಲ್ಲಿ ಅಮೆರಿಕದ 23 ಮಂದಿ ಅರ್ಥಶಾಸ್ತ್ರಜ್ಞರು, ಹೂಡಿಕೆ ನಿಧಿಗಳ ಒಡೆಯರು ಮತ್ತು ಬರಹಗಾರರು ಅಲ್ಲಿನ ಕೇಂದ್ರ ಬ್ಯಾಂಕಾದ ಫೆಡರಲ್ ರಿಸರ್ವ್‌ನ ಅಧ್ಯಕ್ಷ ಬೆನ್ ಬರ್ನಾಂಕೆ ಅವರಿಗೆ ಬಹಿರಂಗ ಪತ್ರ ಬರೆದು, ಆ ಬ್ಯಾಂಕು ಹೊಸ ಹಣ ಸೃಷ್ಟಿಸಿ ಮಾಡಹೊರಟ 60,000 ಕೋಟಿ ಡಾಲರಿನ ಸರ್ಕಾರಿ ಸಾಲಪತ್ರ ಖರೀದಿಯಿಂದ ಡಾಲರ್ ಬೆಲೆಗೆಟ್ಟು ಹಣದುಬ್ಬರ ಬರುವ ಅಪಾಯವಿದೆ ಎಂದು ಎಚ್ಚರಿಸಿದರು. ಆ ದಶಕ ಮುಗಿಯುವವರೆಗೂ ಅಲ್ಲಿನ ಹಣದುಬ್ಬರ ಶೇ 4ನ್ನು ಮುಟ್ಟಲಿಲ್ಲ. 2014ರಲ್ಲಿ ಸುದ್ದಿಸಂಸ್ಥೆಯೊಂದು ಪತ್ರಕ್ಕೆ ಸಹಿ ಹಾಕಿದವರನ್ನು ವಿಚಾರಿಸಿದಾಗ ಉತ್ತರಿಸಿದವರಲ್ಲಿ ಒಬ್ಬರೂ ತಪ್ಪಿದೆವೆನ್ನಲಿಲ್ಲ. ಜಾಣ ಮುನ್ಸೂಚಕರು ಅಂಕಿಯನ್ನೂ ದಿನಾಂಕವನ್ನೂ ಒಟ್ಟಿಗೆ ಹೇಳುವುದಿಲ್ಲ ಎಂದು ಒಬ್ಬರು ಹೇಳಿಯೂಬಿಟ್ಟರು. 2022ರ ಜೂನ್‌ನಲ್ಲಿ ಅಲ್ಲಿನ ಹಣದುಬ್ಬರ ಶೇ 9.1ಕ್ಕೇರಿತು, ನಿಜ. ಆದರೆ ಸಾಂಕ್ರಾಮಿಕವನ್ನೂ ಉಕ್ರೇನ್ ಯುದ್ಧವನ್ನೂ ಕಂಡ ಕಾಲದ ಬೆಲೆಯೇರಿಕೆಯನ್ನು 2010ರ ಪತ್ರದ ಖಾತೆಗೆ ಜಮಾ ಮಾಡಲಾಗದು.

ಹಣದುಬ್ಬರದಿಂದ ಸಾಲಗಾರನ ಹೊರೆ ಇಳಿಯುತ್ತದೆ, ಸಾಲ ಕೊಟ್ಟ ಹಣವಂತನ ಗಂಟು ಕರಗುತ್ತದೆ. ಆದ್ದರಿಂದ ಬಡ್ಡಿದರ ಏರಲಿ, ಸರ್ಕಾರ ಖರ್ಚಿನಲ್ಲಿ ಕೈ ಬಿಗಿಹಿಡಿಯಲಿ ಎಂಬ ರಾಜಕೀಯ ಬೇಡಿಕೆಯೇ ಇಲ್ಲಿ ಭವಿಷ್ಯವಾಣಿಯ ವೇಷ ತೊಟ್ಟಿರುತ್ತದೆ. (ಅದೇ ಖರೀದಿಯಿಂದ ಷೇರು ಬೆಲೆಗಳು ಏರಿ ಹೆಚ್ಚು ಲಾಭವಾದದ್ದು ಹಣವಂತರಿಗೇ ಎಂಬುದು ಸೋಜಿಗ.)

ಬೈಬಲನ್ನೇ ಹಿಡಿಯುವುದಾದರೆ, ಈಜಿಪ್ಟಿನ ದೊರೆ ಫರೋಹನ ಕನಸು ಬಿಡಿಸಿದ ಯೋಸೇಫನು 7 ವರ್ಷ ಸುಗ್ಗಿ, 7 ವರ್ಷ ಬರ ಎಂದು ಅವಧಿ ಹೇಳಿ, ಬೆಳೆಯ ಐದನೆಯ ಒಂದು ಪಾಲನ್ನು ಕೂಡಿಡಿ ಎಂದು ಅಳತೆಯನ್ನೂ ಕೊಟ್ಟ. ಯೋಬನಾದರೋ ಭವಿಷ್ಯ ನುಡಿದವನೇ ಅಲ್ಲ. ಅವನು ಕಳೆದುಕೊಂಡದ್ದು ತನ್ನದನ್ನು. ಹಣದುಬ್ಬರದ ಭವಿಷ್ಯ ಹೇಳುವ ಇವರ ತಾಳ್ಮೆಗಾದರೋ ಬೆಲೆ ತೆರುವವರು ಇವರನ್ನು ನಂಬಿದವರು.

ನಾನೂ ಹಾಗೆ ನಂಬಿದವನೇ. 2012ರ ದೀಪಾವಳಿಗೆ ಠೇವಣಿ ಮುರಿಸಿ, ಬೆಂಗಳೂರಿನ ಅವೆನ್ಯೂ ರಸ್ತೆಯ ಅಂಗಡಿಯೊಂದರಲ್ಲಿ 10 ಗ್ರಾಂಗೆ 31 ಸಾವಿರಕ್ಕೂ ಮಿಗಿಲಾದ ದರದಲ್ಲಿ ಚಿನ್ನದ ನಾಣ್ಯ ಕೊಂಡು, ರಸೀದಿಯನ್ನು ನಾಲ್ಕಾಗಿ ಮಡಚಿ ನಾಣ್ಯಗಳ ಜೊತೆಗೇ ಒಂದು ಡಬ್ಬಿಯಲ್ಲಿಟ್ಟಿದ್ದೆ. ಇಂದು ಆ ನಾಣ್ಯಗಳ ಬೆಲೆ ಎಷ್ಟೋ ಪಟ್ಟು ಏರಿದೆ, ಒಪ್ಪುತ್ತೇನೆ. ಆದರೆ ಈಗ ಡಬ್ಬಿಯಲ್ಲಿ ಉಳಿದಿರುವುದು ರಸೀದಿ ಮಾತ್ರ. ನಾಣ್ಯಗಳನ್ನು 2015ರಲ್ಲೇ, ಮಗಳ ಕಾಲೇಜು ಶುಲ್ಕದ ಕೊನೆಯ ದಿನ ಬಂದಾಗ, ಸುಮಾರು 26 ಸಾವಿರದ ದರಕ್ಕೆ ಮಾರಿದ್ದೆ.